ಐದು ಗಿನಿಯ ತೀರ್ಪು: ಕ್ರಿಕೆಟಿಗ ಲೀರಿ ಕಾನ್‌ಸ್ಟಂಟೈನ್ ಬ್ಯಾರಿಸ್ಟರ್ ಆದ ಬಗೆ

1944ರ ಜೂನ್ 28ರಂದು ಲಂಡನ್ನಿನ ಹೈಕೋರ್ಟಿನಲ್ಲಿ ನ್ಯಾಯಮೂರ್ತಿ ನಾರ್ಮನ್ ಬರ್ಕೆಟ್ ಅವರು ಒಂದು ಹೋಟೆಲಿನ ವಿರುದ್ಧ ಹೂಡಲಾಗಿದ್ದ ದಾವೆಯ ತೀರ್ಪು ಓದಿದರು. ವಾದಿ ಗೆದ್ದಿದ್ದರು. ಆತನ ಹಕ್ಕಿಗೆ ಭಂಗ ಬಂದಿದೆ, ಹೋಟೆಲಿನವರು ಹೇಳಿದ ಕಾರಣಗಳು ನಿಲ್ಲುವುದಿಲ್ಲ, ಆತನ ಮಾತೆಲ್ಲ ನಂಬಿಕೆಗೆ ಅರ್ಹ ಎಂದು ಹೇಳಿದ ನ್ಯಾಯಾಲಯ, ಕೊನೆಯಲ್ಲಿ ಕೊಡಿಸಿದ ಪರಿಹಾರ ಮಾತ್ರ ಐದು ಗಿನಿ. ಒಂದು ಗಿನಿ ಎಂದರೆ 21 ಷಿಲಿಂಗ್. ಐದು ಗಿನಿ ಎಂದರೆ ಐದು ಪೌಂಡಿನ ಮೇಲೆ ಐದು ಷಿಲಿಂಗ್. ಇಂಗ್ಲೆಂಡಿನ ವಕೀಲರು ಆ ಕಾಲದಲ್ಲಿ ತಮ್ಮ ಶುಲ್ಕವನ್ನು ಗಿನಿಯ ಲೆಕ್ಕದಲ್ಲೇ ಎಣಿಸುತ್ತಿದ್ದರು. ಆ ವಾದಿಯ ಹೆಸರು ಲೀರಿ ಕಾನ್‌ಸ್ಟಂಟೈನ್. ಅವರು ಟ್ರಿನಿಡಾಡಿನವರು, ವೆಸ್ಟ್ ಇಂಡೀಸ್ ತಂಡದ ಮೊದಲ ತಲೆಮಾರಿನ ಅತ್ಯಂತ ಪ್ರಸಿದ್ಧ ಆಲ್‌ರೌಂಡರ್.

ನ್ಯಾಯ ಅವರ ಕಡೆಗೇ ಇದ್ದ ಮೇಲೆ ಪರಿಹಾರ ಇಷ್ಟು ಅಲ್ಪವಾದದ್ದು ಏಕೆ? ಅವರು ಗೆದ್ದದ್ದಾದರೂ ಯಾವ ಕಾನೂನಿನ ಬಲದಿಂದ? ಈ ತೀರ್ಪು ಬಂದ ಹತ್ತು ವರ್ಷಕ್ಕೆ, ವಯಸ್ಸು ಐವತ್ತು ದಾಟಿದ ಮೇಲೆ, ಅದೇ ವ್ಯಕ್ತಿ ಬ್ಯಾರಿಸ್ಟರ್ ಸನ್ನದು ಪಡೆದದ್ದು ಏಕೆ? ಕ್ರಿಕೆಟ್ ಬರಹಗಳಲ್ಲಿ ಕಾನ್‌ಸ್ಟಂಟೈನ್ ಅವರ ವಕೀಲಿಕೆ ಒಂದು ಅಡಿಟಿಪ್ಪಣಿಯಂತೆ ಬಂದುಹೋಗುತ್ತದೆ. ನನ್ನ ತಿಳುವಳಿಕೆಯಲ್ಲಿ ಅವರ ಬದುಕಿನ ಎರಡೂ ಅರ್ಧಗಳನ್ನು ಹೊಲಿದಿರುವ ದಾರ ಅದೇ. ಹಾಗಾಗಿ ಈ ಪ್ರಶ್ನೆಗಳನ್ನು ಅವರ ಹುಟ್ಟೂರಿನಿಂದಲೇ ಬಿಡಿಸಿಕೊಂಡು ಬರಬೇಕಾಗುತ್ತದೆ.

ಟ್ರಿನಿಡಾಡ್ ಆಗ ಬ್ರಿಟಿಷ್ ವಸಾಹತು. ಅಲ್ಲಿನ ಡೀಗೊ ಮಾರ್ಟಿನ್ ಬಳಿಯ ಪೆಟಿಟ್ ವ್ಯಾಲಿ ಎಂಬ ಹಳ್ಳಿಯಲ್ಲಿ 1901ರ ಸೆಪ್ಟೆಂಬರ್ 21ರಂದು ಲೀರಿ ಹುಟ್ಟಿದರು. ತಾಯಿ ಅನೈಸ್ ಅವರ ಹೆತ್ತವರು ಗುಲಾಮರಾಗಿದ್ದವರು. ಗುಲಾಮಗಿರಿಯ ನೆನಪು ಆ ಮನೆಗೆ ಕೇವಲ ಎರಡು ತಲೆಮಾರಿನಷ್ಟು ಹಿಂದಿನದಾಗಿತ್ತು. ತಂದೆ ಲೆಬ್ರನ್ ಕೋಕೋ ತೋಟವೊಂದರಲ್ಲಿ ಮೇಸ್ತ್ರಿಯಾಗಿದ್ದರು, ದ್ವೀಪದಾದ್ಯಂತ ಹೆಸರು ಮಾಡಿದ ದಾಂಡಿಗರೂ ಆಗಿದ್ದರು. 1900ರಲ್ಲಿ ವೆಸ್ಟ್ ಇಂಡೀಸ್ ತಂಡ ಇಂಗ್ಲೆಂಡಿಗೆ ಹೊರಟಾಗ ಆಯ್ಕೆಯಾಗಿದ್ದರೂ ಖರ್ಚಿಗೆ ಹಣವಿಲ್ಲದೆ ಲೆಬ್ರನ್ ಊರಲ್ಲೇ ಉಳಿಯುವ ಸ್ಥಿತಿ ಬಂದಿತ್ತು. ಹಡಗು ಬಂದರು ಬಿಟ್ಟ ಮೇಲೆ ಜನ ಹಣ ಹೊಂದಿಸಿ, ವೇಗದ ದೋಣಿಯೊಂದರಲ್ಲಿ ಅವರನ್ನು ಕೂರಿಸಿ ಹಡಗಿನ ಬೆನ್ನಟ್ಟಿ ಹತ್ತಿಸಿದರಂತೆ. ಆ ಪ್ರವಾಸದಲ್ಲಿ ಲೆಬ್ರನ್ ಲಾರ್ಡ್ಸ್ ಮೈದಾನದಲ್ಲಿ 113 ರನ್ ಹೊಡೆದರು. ಇಂಗ್ಲೆಂಡಿನ ನೆಲದಲ್ಲಿ ವೆಸ್ಟ್ ಇಂಡೀಸ್ ಆಟಗಾರನೊಬ್ಬ ಗಳಿಸಿದ ಮೊದಲ ಶತಕ ಅದು. ತಾಯಿಯ ತಮ್ಮ ವಿಕ್ಟರ್ ಪ್ಯಾಸ್ಕಲ್ ಕೂಡ ವೆಸ್ಟ್ ಇಂಡೀಸ್ ಪರ ಆಡಿದ ಸ್ಪಿನ್ನರ್. ಹೀಗೆ ಕ್ರಿಕೆಟ್ ಆ ಮನೆಯಲ್ಲಿ ಎರಡೂ ಕಡೆಯಿಂದ ಬಂದ ಆಸ್ತಿಯಾಗಿತ್ತು.

ಕಾನೂನು ಮಾತ್ರ ಲೀರಿ ತಾವೇ ಹುಡುಕಿಕೊಂಡು ಹೋದ ದಾರಿ. ಶಾಲೆ ಮುಗಿಸಿದ ಮೇಲೆ ಅವರು ರಾಜಧಾನಿ ಪೋರ್ಟ್ ಆಫ್ ಸ್ಪೇನ್‌ನಲ್ಲಿ ಸಾಲಿಸಿಟರೊಬ್ಬರ ಕಚೇರಿಯಲ್ಲಿ ಗುಮಾಸ್ತರಾಗಿ ಸೇರಿದರು. ಇಲ್ಲಿ ಬ್ರಿಟಿಷ್ ಪದ್ಧತಿಯ ಒಂದು ವ್ಯತ್ಯಾಸವನ್ನು ತಿಳಿಯಬೇಕು. ನಮ್ಮಲ್ಲಿ ಇಂದು ಕಕ್ಷಿದಾರನೊಡನೆ ಮಾತಾಡಿ, ಕಾಗದಪತ್ರ ಸಿದ್ಧಮಾಡಿ, ನ್ಯಾಯಾಲಯದಲ್ಲಿ ವಾದಿಸುವವರು ಒಬ್ಬರೇ ವಕೀಲರು. ಅಲ್ಲಿ ಈ ಕೆಲಸ ಇಬ್ಬರಲ್ಲಿ ಹಂಚಿಹೋಗಿತ್ತು: ಕಕ್ಷಿದಾರನನ್ನು ಕಂಡು ದಾಖಲೆಗಳನ್ನು ಅಣಿಗೊಳಿಸುವವನು ಸಾಲಿಸಿಟರ್, ಮೇಲಿನ ನ್ಯಾಯಾಲಯಗಳಲ್ಲಿ ಎದ್ದುನಿಂತು ವಾದಿಸುವವನು ಬ್ಯಾರಿಸ್ಟರ್. ಬ್ಯಾರಿಸ್ಟರ್ ಆಗಬೇಕಾದವನು ಲಂಡನ್ನಿಗೆ ಹೋಗಿ ಅಲ್ಲಿನ ನಾಲ್ಕು 'ಇನ್'ಗಳಲ್ಲಿ (ಬ್ಯಾರಿಸ್ಟರುಗಳ ಸಂಘಗಳಲ್ಲಿ) ಒಂದಕ್ಕೆ ಸೇರಿ, ಗೊತ್ತುಪಡಿಸಿದಷ್ಟು ಸಲ ಅಲ್ಲಿನ ಭೋಜನಶಾಲೆಯಲ್ಲಿ ಊಟ ಮಾಡಿ, ಪರೀಕ್ಷೆಗಳಲ್ಲಿ ತೇರ್ಗಡೆಯಾಗಬೇಕಿತ್ತು. ಗಾಂಧೀಜಿ ಇನ್ನರ್ ಟೆಂಪಲ್ಲಿನಲ್ಲಿ, ಅಂಬೇಡ್ಕರ್ ಅವರು ಗ್ರೇಸ್ ಇನ್ನಿನಲ್ಲಿ ಹೀಗೆಯೇ ಬ್ಯಾರಿಸ್ಟರಾದರು. ಗುಮಾಸ್ತನೊಬ್ಬ ವರ್ಷಗಟ್ಟಲೆ ದುಡಿದು ಸಾಲಿಸಿಟರ್ ಆಗುವ ದಾರಿ ತಾತ್ವಿಕವಾಗಿ ತೆರೆದಿತ್ತು. ಆದರೆ ಟ್ರಿನಿಡಾಡಿನಲ್ಲಿ ಆ ದಾರಿ ಹಿಡಿದ ಕಪ್ಪು ಯುವಕರು ಬೆರಳೆಣಿಕೆಯಷ್ಟು. ಹಣ ಬೇಕಿತ್ತು, ಕೈಹಿಡಿಯುವವರು ಬೇಕಿತ್ತು, ಮೈಬಣ್ಣ ಅಡ್ಡಬರಬಾರದಿತ್ತು. ಮೇಸ್ತ್ರಿಯ ಮಗನಿಗೆ ಈ ಮೂರರಲ್ಲಿ ಒಂದೂ ಒದಗಲಿಲ್ಲ. ಕೆಲವು ವರ್ಷಗಳ ಬಳಿಕ ಅವರು ಕಾನೂನಿನ ಕಚೇರಿ ಬಿಟ್ಟು ತೈಲ ಕಂಪನಿಯೊಂದರಲ್ಲಿ ಗುಮಾಸ್ತಿಕೆ ಹಿಡಿದರು.

ಬಣ್ಣದ ಈ ಲೆಕ್ಕಾಚಾರ ಕ್ರಿಕೆಟ್ ಮೈದಾನದಲ್ಲೂ ಅಷ್ಟೇ ಕಟ್ಟುನಿಟ್ಟಾಗಿತ್ತು. ಪೋರ್ಟ್ ಆಫ್ ಸ್ಪೇನ್‌ನ ಕ್ಲಬ್ಬುಗಳನ್ನು ನೋಡಿದರೆ ಆ ಸಮಾಜದ ಮೆಟ್ಟಿಲುಗಳನ್ನೇ ನೋಡಿದಂತೆ: ಕ್ವೀನ್ಸ್ ಪಾರ್ಕ್ ಕ್ಲಬ್ ಶ್ರೀಮಂತ ಬಿಳಿಯರದು, ಮೇಪಲ್ ತಿಳಿಗಂದು ಬಣ್ಣದ ಮಧ್ಯಮ ವರ್ಗದ್ದು, ಶ್ಯಾನನ್ ಶಾಲಾ ಮೇಷ್ಟ್ರು, ಗುಮಾಸ್ತರಂಥ ಕಪ್ಪು ಕೆಳಮಧ್ಯಮ ವರ್ಗದ್ದು, ಸ್ಟಿಂಗೊ ಕೂಲಿಕಾರರದು. ತಂದೆಯಂತೆ ಲೀರಿಯೂ ಶ್ಯಾನನ್ ಪರ ಆಡಿದರು. ವೆಸ್ಟ್ ಇಂಡೀಸ್ ತಂಡದ ನಾಯಕತ್ವ ಬಿಳಿಯನಿಗೇ ಮೀಸಲು ಎಂಬುದು ಬರೆಯದ ನಿಯಮವಾಗಿತ್ತು. ಕಪ್ಪು ಆಟಗಾರನೊಬ್ಬನಿಗೆ ಇಡೀ ಸರಣಿಯ ನಾಯಕತ್ವ ಸಿಕ್ಕಿದ್ದು 1960ರಲ್ಲಿ, ಫ್ರಾಂಕ್ ವೊರೆಲ್ ಅವರ ಕಾಲಕ್ಕೆ. ಜಾತಿಗೊಂದು ಕೇರಿ, ಕೇರಿಗೊಂದು ಬಾವಿ ಎಂಬ ವ್ಯವಸ್ಥೆಯನ್ನು ಕಂಡ ನಮಗೆ ಇದನ್ನು ಅರ್ಥಮಾಡಿಕೊಳ್ಳಲು ಹೆಚ್ಚಿನ ವಿವರಣೆ ಬೇಕಿಲ್ಲ.

ಇಂಥ ವ್ಯವಸ್ಥೆಯಿಂದ ಹೊರಬರಲು ಕಾನ್‌ಸ್ಟಂಟೈನ್ ಆರಿಸಿಕೊಂಡ ದಾರಿ ಆಟ. 1923ರಲ್ಲಿ ಮೊದಲ ಸಲ ಇಂಗ್ಲೆಂಡಿಗೆ ಬಂದಾಗಲೇ, ಅಲ್ಲಿ ವೃತ್ತಿಪರ ಆಟಗಾರನಾದರೆ ಮಾತ್ರ ಬದುಕು ಬದಲಾದೀತು ಎಂಬುದು ಅವರಿಗೆ ಮನವರಿಕೆಯಾಗಿತ್ತು. 1928ರ ಪ್ರವಾಸಕ್ಕೆ ಅವರು ಸಿದ್ಧರಾಗಿಯೇ ಬಂದರು. ಲಾರ್ಡ್ಸ್‌ನಲ್ಲಿ ಮಿಡಲ್‌ಸೆಕ್ಸ್ ವಿರುದ್ಧದ ಪಂದ್ಯವನ್ನು ಹಳಬರು ಬಹುಕಾಲ ನೆನೆಯುತ್ತಿದ್ದರು. ಮೊದಲ ಸರದಿಯಲ್ಲಿ 86 ರನ್, ಎದುರಾಳಿಗಳ ಎರಡನೇ ಸರದಿಯಲ್ಲಿ 57 ರನ್ನಿಗೆ 7 ವಿಕೆಟ್, ತಂಡ ಸೋಲಿನ ಅಂಚಿನಲ್ಲಿದ್ದಾಗ ಒಂದು ಗಂಟೆಯಲ್ಲಿ 103 ರನ್. ಆ ಹಂಗಾಮಿನಲ್ಲಿ ಸಾವಿರ ರನ್ ಹಾಗೂ ನೂರು ವಿಕೆಟ್ ಎರಡನ್ನೂ ಪೂರೈಸಿದ ಅವರು, ಪ್ರವಾಸದಲ್ಲಿ ಈ ಸಾಧನೆ ಮಾಡಿದ ಮೊದಲ ವೆಸ್ಟ್ ಇಂಡೀಸ್ ಆಟಗಾರರಾದರು. 1930ರಲ್ಲಿ ಜಾರ್ಜ್‌ಟೌನ್‌ನಲ್ಲಿ ವೆಸ್ಟ್ ಇಂಡೀಸ್ ತನ್ನ ಮೊದಲ ಟೆಸ್ಟ್ ಗೆಲುವು ಕಂಡಾಗ ಒಂಬತ್ತು ವಿಕೆಟ್ ಪಡೆದವರೂ ಅವರೇ. ಒಟ್ಟು 18 ಟೆಸ್ಟ್‌ಗಳಲ್ಲಿ 635 ರನ್, 58 ವಿಕೆಟ್ ಎಂಬ ಅಂಕಿಗಳು ಇಂದಿನ ಓದುಗರಿಗೆ ಸಾಧಾರಣವಾಗಿ ಕಾಣಬಹುದು. ಆದರೆ ಅವರ ಕ್ಷೇತ್ರರಕ್ಷಣೆಯನ್ನು ಯಾವ ಅಂಕಿಯೂ ಹಿಡಿದಿಟ್ಟಿಲ್ಲ, ಅವರ ಆಟದ ಬಹುಪಾಲು ನಡೆದದ್ದೂ ಟೆಸ್ಟ್ ಮೈದಾನದ ಹೊರಗೆ.

ಆ ಬಹುಪಾಲು ನಡೆದ ಊರು ನೆಲ್ಸನ್. ಉತ್ತರ ಇಂಗ್ಲೆಂಡಿನ ಲ್ಯಾಂಕಶೈರ್ ಸೀಮೆಯ ಹತ್ತಿ ಗಿರಣಿಗಳ ಪಟ್ಟಣವದು. ಅಲ್ಲಿನ ಕ್ಲಬ್ಬು ವಾರಾಂತ್ಯದ ಲೀಗ್ ಪಂದ್ಯಗಳಿಗಾಗಿ ಹಂಗಾಮಿಗೆ 500 ಪೌಂಡಿನಂತೆ ಅವರನ್ನು ಗೊತ್ತುಮಾಡಿಕೊಂಡಿತು. 1929ರಿಂದ 1937ರವರೆಗಿನ ಒಂಬತ್ತು ವರ್ಷಗಳಲ್ಲಿ ನೆಲ್ಸನ್ ಏಳು ಸಲ ಲೀಗ್ ಗೆದ್ದಿತು, ಎರಡನೆಯ ಸ್ಥಾನಕ್ಕಿಂತ ಕೆಳಗೆ ಒಮ್ಮೆಯೂ ಇಳಿಯಲಿಲ್ಲ. 1934ರಲ್ಲಿ ಆಕ್ರಿಂಗ್ಟನ್ ತಂಡದ ಹತ್ತೂ ವಿಕೆಟ್ಟುಗಳನ್ನು ಅವರು ಹತ್ತೇ ರನ್ ಕೊಟ್ಟು ಕಿತ್ತರು. ಅದೇ ವರ್ಷದ ಕೊನೆಯಲ್ಲಿ ಭಾರತಕ್ಕೂ ಬಂದು, ಹೈದರಾಬಾದಿನ ಮೊಯಿನ್-ಉದ್-ದೌಲಾ ಚಿನ್ನದ ಕಪ್ಪಿನ ಪಂದ್ಯಾವಳಿಯಲ್ಲಿ ಫ್ರೀಲೂಟರ್ಸ್ ತಂಡದ ಪರ ಆಡಿದರು.

ಮೆರೆಡಿತ್ ಬೀದಿಯ ಅವರ ಮನೆಯೊಳಗೆ ಮೊದಮೊದಲು ಮಕ್ಕಳು ಕಿಟಕಿಯಿಂದ ಇಣುಕುತ್ತಿದ್ದರು. ಕಪ್ಪು ಮನುಷ್ಯನನ್ನು ಆ ಊರಿನ ಬಹುಮಂದಿ ಕಂಡೇ ಇರಲಿಲ್ಲ. ಹೆಸರಿಲ್ಲದ ಬೈಗುಳದ ಪತ್ರಗಳೂ ಬಂದವು. ಮೊದಲ ಹಂಗಾಮು ಮುಗಿಯುತ್ತಲೇ ಊರಿಗೆ ಮರಳಿಬಿಡಬೇಕೆಂದು ಕಾನ್‌ಸ್ಟಂಟೈನ್ ಯೋಚಿಸಿದ್ದರು. ಹೆಂಡತಿ ನಾರ್ಮಾ ತಡೆದರು. ಕ್ರಮೇಣ ಆ ಊರು ಅವರದೇ ಆಯಿತು. 1932ರಲ್ಲಿ ಟ್ರಿನಿಡಾಡಿನ ಬರಹಗಾರ ಸಿ.ಎಲ್.ಆರ್. ಜೇಮ್ಸ್ ಬಂದು ಅವರ ಮನೆಯಲ್ಲೇ ಉಳಿದರು. ವೆಸ್ಟ್ ಇಂಡೀಸ್ ದ್ವೀಪಗಳಿಗೆ ಸ್ವಯಮಾಡಳಿತ ಬೇಕೆಂದು ವಾದಿಸುವ ಜೇಮ್ಸ್ ಅವರ ಬರಹ ಅಚ್ಚಾಗಲು ಹಣ ಒದಗಿಸಿದವರು ಕಾನ್‌ಸ್ಟಂಟೈನ್. ಚೆಂಡಿನಿಂದ ಗಳಿಸಿದ ಹಣ ಹೀಗೆ ರಾಜಕೀಯದ ಪುಸ್ತಕವಾಯಿತು. ಬಿಟ್ಟುಬಂದಿದ್ದ ಕಾನೂನಿನ ಓದನ್ನೂ ಅವರು ನೆಲ್ಸನ್ನಿನಲ್ಲೇ ಮತ್ತೆ ಕೈಗೆತ್ತಿಕೊಂಡರು.

1939ರ ಆಗಸ್ಟಿನಲ್ಲಿ ಓವಲ್ ಮೈದಾನದಲ್ಲಿ ತಮ್ಮ ಕೊನೆಯ ಟೆಸ್ಟ್ ಆಡಿ, 75 ರನ್ನಿಗೆ 5 ವಿಕೆಟ್ ಪಡೆದು, 79 ರನ್ ಬಾರಿಸಿದ ಕೆಲವೇ ದಿನಗಳಲ್ಲಿ ಮಹಾಯುದ್ಧ ಶುರುವಾಯಿತು. ಯುದ್ಧಸಾಮಗ್ರಿಯ ಕಾರ್ಖಾನೆಗಳಲ್ಲಿ ದುಡಿಯಲು ವೆಸ್ಟ್ ಇಂಡೀಸ್‌ನಿಂದ ನೂರಾರು ಯುವಕರು ಲಿವರ್‌ಪೂಲ್ ಪ್ರದೇಶಕ್ಕೆ ಬಂದಾಗ, ಅವರ ಯೋಗಕ್ಷೇಮ ನೋಡಿಕೊಳ್ಳುವ ಅಧಿಕಾರಿಯಾಗಿ ಬ್ರಿಟನ್ನಿನ ಕಾರ್ಮಿಕ ಸಚಿವಾಲಯ ಕಾನ್‌ಸ್ಟಂಟೈನ್ ಅವರನ್ನು ನೇಮಿಸಿತು. ಬಾಡಿಗೆಗೆ ಕೋಣೆ ಕೊಡದ ಮನೆಯೊಡತಿಯರು, ಕೆಲಸಕ್ಕೆ ಸೇರಿಸಿಕೊಳ್ಳಲು ಹಿಂಜರಿಯುವ ಕಾರ್ಖಾನೆಗಳು, ಒಳಗೆ ಬಿಡದ ನೃತ್ಯಶಾಲೆಗಳು — ಇವರೆಲ್ಲರೊಡನೆ ದಿನಬೆಳಗಾದರೆ ಮಾತಾಡಿ ಒಪ್ಪಿಸುವುದು ಅವರ ಕೆಲಸ. ಒಪ್ಪಿಸುವುದು ಎಂಬ ಮಾತನ್ನು ಬೇಕೆಂದೇ ಬಳಸಿದ್ದೇನೆ. ಬಣ್ಣದ ಕಾರಣಕ್ಕೆ ಬಾಗಿಲು ಮುಚ್ಚಿದವನ ಮೇಲೆ ಒತ್ತಾಯ ಹೇರಬಲ್ಲ ಯಾವ ಕಾಯಿದೆಯೂ ಬ್ರಿಟನ್ನಿನಲ್ಲಿ ಆಗ ಇರಲಿಲ್ಲ.

1943ರ ಜುಲೈ ಕೊನೆಯಲ್ಲಿ ಕಾನ್‌ಸ್ಟಂಟೈನ್ ಲಾರ್ಡ್ಸ್ ಮೈದಾನದ ಪಂದ್ಯವೊಂದಕ್ಕಾಗಿ ಲಂಡನ್ನಿಗೆ ಬರಬೇಕಿತ್ತು. ರಸೆಲ್ ಸ್ಕ್ವೇರ್‌ನ ಇಂಪೀರಿಯಲ್ ಹೋಟೆಲಿನಲ್ಲಿ ತಮಗೆ, ನಾರ್ಮಾ ಅವರಿಗೆ ಮತ್ತು ಮಗಳು ಗ್ಲೋರಿಯಾಗೆ ನಾಲ್ಕು ರಾತ್ರಿಯ ಮಟ್ಟಿಗೆ ಕೋಣೆ ಕಾದಿರಿಸಿದ್ದರು. ತಾವು ಕಪ್ಪು ವರ್ಣದವರು, ಅದರಿಂದ ತೊಂದರೆಯಿಲ್ಲ ತಾನೇ ಎಂದು ಮೊದಲೇ ವಿಚಾರಿಸಿಕೊಂಡಿದ್ದರು. ತೊಂದರೆಯಿಲ್ಲ ಎಂಬ ಉತ್ತರವೂ ಬಂದಿತ್ತು. ಹೀಗೆ ಮೊದಲೇ ಕೇಳಿ ಖಚಿತಪಡಿಸಿಕೊಳ್ಳಬೇಕಾಗಿ ಬಂದದ್ದೇ ಎಷ್ಟು ದೊಡ್ಡ ಅವಮಾನ ಎಂಬುದು, ಬಾಡಿಗೆ ಮನೆ ಹುಡುಕುವಾಗ ಜಾತಿಯ ಪ್ರಶ್ನೆ ಎದುರಿಸಿದವರಿಗೆ ತಾನಾಗಿ ತಿಳಿದೀತು. ಆದರೆ ಜುಲೈ 30ರಂದು ಸಾಮಾನಿನೊಂದಿಗೆ ಬಂದಿಳಿದಾಗ, ಒಂದು ರಾತ್ರಿ ಮಾತ್ರ ಉಳಿಯಬಹುದು, ಆಮೇಲೆ ಜಾಗವಿಲ್ಲ ಎಂಬ ಮಾತು ಕೇಳಿಬಂತು. ಕಾರ್ಮಿಕ ಸಚಿವಾಲಯದ ಅವರ ಮೇಲಧಿಕಾರಿ ಆರ್ನಾಲ್ಡ್ ವಾಟ್ಸನ್ ಬಂದು ವಿಚಾರಿಸಿದಾಗ ಹೋಟೆಲಿನ ಮೇಲ್ವಿಚಾರಕಿ ಹೇಯವಾದ ಪದ ಬಳಸಿ ಮಾತಾಡಿದರು. ಅಮೆರಿಕನ್ ಅತಿಥಿಗಳಿಗೆ ಇಂಥವರು ಆಗಿಬರುವುದಿಲ್ಲ ಎಂಬುದು ಅವರು ಕೊಟ್ಟ ಕಾರಣ. ಅಮೆರಿಕದ ಸೇನೆ ಆಗ ಬ್ರಿಟನ್ನಿನಲ್ಲಿ ಬೀಡುಬಿಟ್ಟಿತ್ತು. ಆ ಸೇನೆಯಲ್ಲೇ ಕಪ್ಪು ಮತ್ತು ಬಿಳಿ ಸೈನಿಕರನ್ನು ಬೇರೆ ಬೇರೆ ಇಡಲಾಗುತ್ತಿತ್ತು. ಕಾನ್‌ಸ್ಟಂಟೈನ್ ಜಗಳಕ್ಕೆ ನಿಲ್ಲಲಿಲ್ಲ. ಹೆಂಡತಿ ಮತ್ತು ಮಗಳನ್ನು ಕರೆದುಕೊಂಡು ಹತ್ತಿರದ ಬೆಡ್‌ಫರ್ಡ್ ಹೋಟೆಲಿಗೆ ಹೋದರು. ಆಮೇಲೆ ದಾವೆ ಹೂಡಿದರು.

ವಿಷಯ ಜಟಿಲವಾಗುವುದು ಇಲ್ಲಿ. ಬಣ್ಣದ ಆಧಾರದಲ್ಲಿ ತಾರತಮ್ಯ ಮಾಡಬಾರದೆಂಬ ಕಾಯಿದೆಯೇ ಇಲ್ಲದಿದ್ದ ಮೇಲೆ ಅವರ ವಕೀಲರು ಯಾವ ಆಧಾರದ ಮೇಲೆ ವಾದಿಸಬೇಕು? ಅವರು ಆತುಕೊಂಡದ್ದು ಶತಮಾನಗಳಷ್ಟು ಹಳೆಯದಾದ ಒಂದು ನಿಯಮಕ್ಕೆ. ಇಂಗ್ಲೆಂಡಿನ ಶಾಸನಸಭೆ ಮಾಡಿದ ಕಾಯಿದೆಗಳ ಜೊತೆಗೆ, ನ್ಯಾಯಾಧೀಶರ ತೀರ್ಪುಗಳ ಮೂಲಕ ತಲೆಮಾರಿನಿಂದ ತಲೆಮಾರಿಗೆ ಬೆಳೆದುಬಂದ ರೂಢಿಗತ ಕಾನೂನೂ ಇದೆ. ಅದರ ಪ್ರಕಾರ ದಾರಿಹೋಕರಿಗೆ ವಸತಿ ಕೊಡುವುದನ್ನೇ ಕಸುಬು ಮಾಡಿಕೊಂಡ ಸಾರ್ವಜನಿಕ ವಸತಿಗೃಹದವನು, ಜಾಗವಿದ್ದಾಗ, ಹಣ ಕೊಡಲು ಸಿದ್ಧನಾಗಿ ಬಂದ ಸಭ್ಯ ಪ್ರಯಾಣಿಕನನ್ನು ತಕ್ಕ ಕಾರಣವಿಲ್ಲದೆ ಹಿಂದಕ್ಕೆ ಕಳುಹಿಸುವಂತಿಲ್ಲ. ಕುದುರೆಯ ಮೇಲೋ ಕಾಲ್ನಡಿಗೆಯಲ್ಲೋ ಪ್ರಯಾಣ ಮಾಡುತ್ತಿದ್ದ ಕಾಲದಲ್ಲಿ, ಹೊತ್ತುಮುಳುಗಿದ ಮೇಲೆ ಬಾಗಿಲು ಹಾಕಿಸಿಕೊಂಡವನು ಕಳ್ಳಕಾಕರ ಪಾಲಾಗುತ್ತಿದ್ದ. ಆ ಭಯದಿಂದ ಹುಟ್ಟಿದ ನಿಯಮವಿದು. ನಮ್ಮ ಧರ್ಮಛತ್ರಗಳ ಹಿಂದೆಯೂ ದಾರಿಹೋಕನ ಇದೇ ಕಾಳಜಿ ಇತ್ತು. ಆದರೆ ಛತ್ರ ಪುಣ್ಯಕ್ಕಾಗಿ ಕಟ್ಟಿಸಿದ್ದು, ಅಲ್ಲಿ ಪಂಕ್ತಿಭೇದವನ್ನು ಪ್ರಶ್ನಿಸುವವರಿರಲಿಲ್ಲ. ಇಂಗ್ಲೆಂಡಿನ ವಸತಿಗೃಹ ವ್ಯಾಪಾರ, ಮತ್ತು ಅಲ್ಲಿನ ಕಾನೂನು ಆ ವ್ಯಾಪಾರಿಯ ಮೇಲೆ ಕರ್ತವ್ಯವೊಂದನ್ನು ಹೊರಿಸಿತ್ತು.

ಈ ನಿಯಮ ಪ್ರಯಾಣಿಕನನ್ನು ಪ್ರಯಾಣಿಕನಾಗಿ ಮಾತ್ರ ಕಾಣುತ್ತದೆ ಎಂಬುದನ್ನು ಗಮನಿಸಬೇಕು. ಕಾನ್‌ಸ್ಟಂಟೈನ್ ಕಪ್ಪು ಮನುಷ್ಯರೆಂಬುದು ಅದಕ್ಕೆ ಅಪ್ರಸ್ತುತ. ಅವರನ್ನು ಹೊರಹಾಕಿದ ಕಾರಣ ಬಣ್ಣವೇ ಆದರೂ, ಅವರನ್ನು ಕಾಪಾಡಿದ ಕಾನೂನಿಗೆ ಬಣ್ಣದ ಪರಿಚಯವೇ ಇರಲಿಲ್ಲ. ಅವರು ಹೋದದ್ದು ಹೋಟೆಲಿಗೆ ಆದದ್ದರಿಂದ ದಾವೆ ಹೂಡಲು ಸಾಧ್ಯವಾಯಿತು. ಅದೇ ಅವಮಾನ ಬಾಡಿಗೆ ಮನೆಯ ಹೊಸ್ತಿಲಲ್ಲಿ, ಕಾರ್ಖಾನೆಯ ಬಾಗಿಲಲ್ಲಿ, ನೃತ್ಯಶಾಲೆಯ ಮುಂದೆ ಆಗಿದ್ದರೆ — ಲಿವರ್‌ಪೂಲಿನಲ್ಲಿ ಅವರ ಹುಡುಗರಿಗೆ ಆದದ್ದು ಅದೇ — ನ್ಯಾಯಾಲಯಕ್ಕೆ ಹೋಗುವ ದಾರಿಯೇ ಇರಲಿಲ್ಲ.

ಹೋಟೆಲಿನ ಪರ ವಕೀಲರು ಮುಖ್ಯವಾಗಿ ಎರಡು ಮಾತು ಹೇಳಿದರು. ಅವರನ್ನು ಹೊರಹಾಕಿಲ್ಲ, ಇನ್ನೊಂದು ಹೋಟೆಲಿನಲ್ಲಿ ವಸತಿ ಒದಗಿದ್ದರಿಂದ ತಾವಾಗಿಯೇ ಹೊರಟರು ಎಂಬುದು ಒಂದು. ಬೆಡ್‌ಫರ್ಡ್ ಹೋಟೆಲ್ ಅದೇ ಮಾಲೀಕರದಾಗಿತ್ತು. ನ್ಯಾಯಮೂರ್ತಿ ಬರ್ಕೆಟ್ ಇದನ್ನು ಒಪ್ಪಲಿಲ್ಲ: ಇಂಪೀರಿಯಲ್ ಹೋಟೆಲಿಗೆ ಬಂದ ಪ್ರಯಾಣಿಕನನ್ನು ಇಂಪೀರಿಯಲ್ ಹೋಟೆಲೇ ಸೇರಿಸಿಕೊಳ್ಳಬೇಕಿತ್ತು. ಎರಡನೆಯ ಮಾತು ಇನ್ನೂ ಸೂಕ್ಷ್ಮ. ಬೇರೆಡೆ ಅಷ್ಟೇ ಒಳ್ಳೆಯ ಕೋಣೆ ಸಿಕ್ಕಿದ ಮೇಲೆ ಕಾನ್‌ಸ್ಟಂಟೈನ್ ಅವರಿಗೆ ಒಂದು ಪೌಂಡೂ ನಷ್ಟವಾಗಿಲ್ಲ, ನಷ್ಟವಿಲ್ಲದವನಿಗೆ ದಾವೆಯ ಹಕ್ಕಿಲ್ಲ ಎಂದು ಅವರು ವಾದಿಸಿದರು. ಇದಕ್ಕೆ ಉತ್ತರವಾಗುವ ತತ್ವವೊಂದು ಇಂಗ್ಲಿಷ್ ಕಾನೂನಿನಲ್ಲಿ ಮೊದಲೇ ಬೇರೂರಿತ್ತು. 1703ರ ಆಶ್ಬಿ ವಿರುದ್ಧ ವೈಟ್ ಪ್ರಕರಣದಲ್ಲಿ ಮತದಾರನೊಬ್ಬನಿಗೆ ಮತ ಹಾಕಲು ಬಿಡಲಿಲ್ಲ; ಆತ ಬಯಸಿದ ಅಭ್ಯರ್ಥಿ ಹೇಗೂ ಗೆದ್ದಿದ್ದ, ಆದ್ದರಿಂದ ನಷ್ಟವೇನೂ ಇರಲಿಲ್ಲ. ಆದರೂ ಹಕ್ಕಿಗೆ ಭಂಗ ಬಂದದ್ದೇ ಸಾಕು ಎಂದು ಆತನಿಗೆ ಪರಿಹಾರ ಸಿಕ್ಕಿತು. ನಮ್ಮ ಕಾನೂನು ಕಾಲೇಜುಗಳಲ್ಲಿ ಅಪಕೃತ್ಯ (ಟಾರ್ಟ್) ಕಾನೂನಿನ ಮೊದಲ ಪಾಠಗಳಲ್ಲೇ ಈ ಪ್ರಕರಣ ಬರುತ್ತದೆ. ಬರ್ಕೆಟ್ ಅವರೂ ಅದೇ ಹಾದಿಯಲ್ಲಿ ನಡೆದು, ಹಣದ ನಷ್ಟವನ್ನು ಸಾಬೀತುಪಡಿಸದಿದ್ದರೂ ದಾವೆ ಊರ್ಜಿತವಾಗುತ್ತದೆ ಎಂದರು.

ಉಳಿದದ್ದು ಪರಿಹಾರದ ಮೊತ್ತ. ಅವಮಾನದ ತೀವ್ರತೆಗೆ ತಕ್ಕಂತೆ, ಹೋಟೆಲಿಗೆ ಪಾಠವಾಗುವಂಥ ದಂಡರೂಪದ ಪರಿಹಾರವನ್ನು ಕಾನ್‌ಸ್ಟಂಟೈನ್ ಪರ ವಕೀಲರು ಕೇಳಿದ್ದರು. ಹಿಂದಿನ ತೀರ್ಪುಗಳನ್ನೆಲ್ಲ ಪರಿಶೀಲಿಸಿದ ನ್ಯಾಯಮೂರ್ತಿಗಳು, ಇಂಥ ದಾವೆಯಲ್ಲಿ ನಾಮಮಾತ್ರ ಪರಿಹಾರಕ್ಕಿಂತ ಹೆಚ್ಚು ಕೊಡಲು ತಮ್ಮ ಕೈ ಕಟ್ಟಿದೆ ಎಂದು ಕಂಡುಕೊಂಡರು. ಸಾಕ್ಷಿ ಕಟ್ಟೆಯಲ್ಲಿ ಕಾನ್‌ಸ್ಟಂಟೈನ್ ವಿನಯದಿಂದ, ಘನತೆಯಿಂದ ನಡೆದುಕೊಂಡರೆಂದೂ, ಸೇಡಿನ ಭಾವ ಅವರಲ್ಲಿರಲಿಲ್ಲವೆಂದೂ, ಆದರೆ ಆದ ಅಪಮಾನ ಅವರನ್ನು ಆಳವಾಗಿ ನೋಯಿಸಿದ್ದು ಕಾಣುತ್ತಿತ್ತೆಂದೂ ತೀರ್ಪಿನಲ್ಲಿ ದಾಖಲಿಸಿದರು. ನೋವನ್ನು ಗುರುತಿಸಿದ ನ್ಯಾಯಾಲಯಕ್ಕೆ ಆ ನೋವಿಗೆ ಬೆಲೆ ಕಟ್ಟುವ ಅಧಿಕಾರವಿರಲಿಲ್ಲ. ಐದು ಗಿನಿಯ ಲೆಕ್ಕ ಬಂದದ್ದು ಹೀಗೆ. ಈ ದಾವೆಯಲ್ಲಿ ಕಾನ್‌ಸ್ಟಂಟೈನ್ ಪರ ಕಿರಿಯ ವಕೀಲರಾಗಿದ್ದ ರೋಸ್ ಹೀಲ್‌ಬ್ರನ್ ಮುಂದೆ 1949ರಲ್ಲಿ ಇಂಗ್ಲೆಂಡಿನ ಮೊದಲ ಇಬ್ಬರು ಮಹಿಳಾ ಕಿಂಗ್ಸ್ ಕೌನ್ಸೆಲ್‌ಗಳಲ್ಲಿ (ರಾಜಮುದ್ರೆಯ ಮನ್ನಣೆ ಪಡೆದ ಹಿರಿಯ ವಕೀಲರಲ್ಲಿ) ಒಬ್ಬರಾದರು ಎಂಬುದನ್ನೂ ಇಲ್ಲಿ ಹೇಳಬೇಕು.

ಮೊತ್ತ ಚಿಕ್ಕದಾದರೂ ಸುದ್ದಿ ದೊಡ್ಡದಾಯಿತು. ಬ್ರಿಟನ್ನಿನ ಜನಪ್ರಿಯ ಆಟಗಾರನೊಬ್ಬ, ಸರಕಾರದ ಅಧಿಕಾರಿ, ಯುದ್ಧದ ನಡುವೆ ದೇಶದ ಕೆಲಸ ಮಾಡುತ್ತಿದ್ದವನು ಬಣ್ಣದ ಕಾರಣಕ್ಕೆ ಹೋಟೆಲಿನಿಂದ ಹೊರನಡೆಯಬೇಕಾಯಿತು ಎಂಬುದು ಪತ್ರಿಕೆಗಳಲ್ಲೂ ಸಂಸತ್ತಿನಲ್ಲೂ ಮಾತಾಯಿತು. ಮರುವರ್ಷ, 1945ರ ಆಗಸ್ಟಿನಲ್ಲಿ, ಅದೇ ಲಂಡನ್ನಿನ ಲಾರ್ಡ್ಸ್‌ನಲ್ಲಿ ಇಂಗ್ಲೆಂಡ್ ವಿರುದ್ಧ ಆಡಲಿದ್ದ, ಬ್ರಿಟಿಷ್ ಸಾಮ್ರಾಜ್ಯದ ಬೇರೆ ಬೇರೆ ದೇಶಗಳ ಆಟಗಾರರು ಕೂಡಿದ್ದ ಡೊಮಿನಿಯನ್ಸ್ ತಂಡದ ನಾಯಕ ಲಿಂಡ್ಸೆ ಹ್ಯಾಸೆಟ್ ಅಸ್ವಸ್ಥರಾದರು. ಆ ತಂಡದಲ್ಲಿ ಉಳಿದವರೆಲ್ಲ ಬಿಳಿಯರೇ. ಅವರೇ ಸೇರಿ ಕಾನ್‌ಸ್ಟಂಟೈನ್ ಅವರನ್ನು ನಾಯಕರನ್ನಾಗಿ ಆರಿಸಿದರು. ಕೀತ್ ಮಿಲ್ಲರ್ 185 ರನ್ ಬಾರಿಸಿದ ಆ ಪಂದ್ಯವನ್ನು ಡೊಮಿನಿಯನ್ಸ್ 45 ರನ್ನುಗಳಿಂದ ಗೆದ್ದಿತು. ವೆಸ್ಟ್ ಇಂಡೀಸ್ ಮಂಡಳಿ ತಾನಾಗಿ ಎಂದೂ ಕೊಡದಿದ್ದ ಗೌರವವಿದು. 1935ರಲ್ಲಿ ಜಮೈಕಾ ಟೆಸ್ಟಿನ ನಡುವೆ ನಾಯಕ ಜಾಕಿ ಗ್ರ್ಯಾಂಟ್ ಗಾಯಗೊಂಡು ಹೊರನಡೆದಾಗ ಉಳಿದ ಹೊತ್ತಿಗೆ ತಂಡ ನಡೆಸಿದ್ದಷ್ಟೇ ಅವರ ಪಾಲಿಗೆ ಬಂದಿತ್ತು.

ಯುದ್ಧ ಮುಗಿದ ಮೇಲೆ ಅವರು ಮಿಡಲ್ ಟೆಂಪಲ್ ಎಂಬ ಇನ್ನಿನಲ್ಲಿ ಬ್ಯಾರಿಸ್ಟರ್ ಪರೀಕ್ಷೆಗಳಿಗೆ ಗಂಭೀರವಾಗಿ ಕುಳಿತರು, ಕುಟುಂಬದೊಂದಿಗೆ ಲಂಡನ್ನಿಗೆ ಬಂದು ನೆಲೆಸಿದರು. ಓದು ಸುಲಭವಾಗಿರಲಿಲ್ಲ. ಜೀವನೋಪಾಯಕ್ಕೆ ಕ್ರಿಕೆಟ್ ತರಬೇತಿ, ಪತ್ರಿಕಾ ಬರಹ, ರೇಡಿಯೊ ಭಾಷಣಗಳು ನಡೆಯುತ್ತಿದ್ದವು. ಮಕ್ಕಳ ವಯಸ್ಸಿನ ವಿದ್ಯಾರ್ಥಿಗಳ ಜೊತೆ ಕುಳಿತು ರೋಮನ್ ಕಾನೂನು ಉರುಹೊಡೆಯಬೇಕಿತ್ತು. 1954ರಲ್ಲಿ ಸನ್ನದು ಕೈಗೆ ಬಂತು. ಪೋರ್ಟ್ ಆಫ್ ಸ್ಪೇನ್‌ನ ಕಚೇರಿಯಲ್ಲಿ ಕಡತ ಹೊತ್ತ ಹುಡುಗ ಅಂದುಕೊಂಡದ್ದು ಕೈಗೂಡಲು ಸುಮಾರು ಮೂವತ್ತೈದು ವರ್ಷ ಹಿಡಿಯಿತು. ಅದೇ ವರ್ಷ ಬ್ರಿಟನ್ನಿನ ವರ್ಣಭೇದದ ಬಗ್ಗೆ ಅವರು ಬರೆದ ಪುಸ್ತಕವೂ ಹೊರಬಂದು, ಅಲ್ಲಿನ ಅನೇಕರಿಗೆ ಕಹಿಯಾಯಿತು. ಹಿಂದೆ ಗುಮಾಸ್ತರಾಗಿ ದುಡಿದಿದ್ದ ತೈಲ ಕಂಪನಿಯೇ ಅವರನ್ನು ಕಾನೂನು ಸಲಹೆಗಾರರಲ್ಲಿ ಒಬ್ಬರನ್ನಾಗಿ ನೇಮಿಸಿಕೊಂಡಿತು, ಅವರು ಟ್ರಿನಿಡಾಡಿಗೆ ಮರಳಿದರು.

ಅಲ್ಲಿ ಎರಿಕ್ ವಿಲಿಯಮ್ಸ್ ಕಟ್ಟಿದ ಪೀಪಲ್ಸ್ ನ್ಯಾಷನಲ್ ಮೂವ್‌ಮೆಂಟ್ ಪಕ್ಷದ ಅಧ್ಯಕ್ಷರಾಗಿ, 1956ರ ಚುನಾವಣೆಯಲ್ಲಿ ಟುನಾಪುನಾ ಕ್ಷೇತ್ರದಿಂದ ಗೆದ್ದು, ಸಾರಿಗೆ ಮತ್ತು ಲೋಕೋಪಯೋಗಿ ಖಾತೆಗಳ ಮಂತ್ರಿಯಾದರು. 1961ರಲ್ಲಿ ಲಂಡನ್ನಿಗೆ ಹೈಕಮಿಷನರ್ ಆಗಿ ಹೋದರು. ಮರುವರ್ಷ ದ್ವೀಪಕ್ಕೆ ಸ್ವಾತಂತ್ರ್ಯ ಬಂತು, ಅವರಿಗೆ ಸರ್ ಪದವಿಯೂ ಸಿಕ್ಕಿತು. ಆಡಳಿತದ ಈ ವರ್ಷಗಳಿಗಿಂತ ನನಗೆ ಮುಖ್ಯವೆನಿಸುವುದು ಆ ಹುದ್ದೆಯ ಕಟ್ಟುಪಾಡನ್ನು ಮೀರಿ ಅವರು ನಡೆದುಕೊಂಡ ಒಂದು ಸಂದರ್ಭ.

1963ರಲ್ಲಿ ಬ್ರಿಸ್ಟಲ್ ನಗರದ ಬಸ್ ಕಂಪನಿ ಕಪ್ಪು ಮತ್ತು ಏಷ್ಯಾ ಮೂಲದವರನ್ನು ಚಾಲಕ-ನಿರ್ವಾಹಕರಾಗಿ ಸೇರಿಸಿಕೊಳ್ಳುವುದಿಲ್ಲ ಎಂಬ ಪಟ್ಟು ಹಿಡಿದಿತ್ತು. ಇಪ್ಪತ್ತು ವರ್ಷದ ಹಿಂದಿನಂತೆ ಆಗಲೂ ಇದು ಕಾನೂನಿಗೆ ವಿರುದ್ಧವಾಗಿರಲಿಲ್ಲ. ವಸತಿಗೃಹದ ಹಳೆಯ ನಿಯಮ ಇಲ್ಲಿ ಉಪಯೋಗಕ್ಕೆ ಬರುವಂತಿರಲಿಲ್ಲ. ಪಾಲ್ ಸ್ಟೀಫನ್‌ಸನ್ ಮತ್ತು ಸಂಗಡಿಗರು ಏಪ್ರಿಲ್ ಕೊನೆಯಲ್ಲಿ ಬಸ್ ಬಹಿಷ್ಕಾರ ಆರಂಭಿಸಿದರು. ವೆಸ್ಟ್ ಇಂಡೀಸ್ ತಂಡ ಗ್ಲಾಸ್ಟರ್‌ಶೈರ್ ವಿರುದ್ಧ ಬ್ರಿಸ್ಟಲ್ಲಿನಲ್ಲೇ ಆಡುತ್ತಿದ್ದ ಸಮಯವದು. ಕಾನ್‌ಸ್ಟಂಟೈನ್ ಅಲ್ಲಿಗೆ ಹೋಗಿ ಕಂಪನಿಯ ನಡೆಯನ್ನು ಬಹಿರಂಗವಾಗಿ ಖಂಡಿಸಿದರು, ನಗರದ ಮೇಯರನ್ನು ಕಂಡರು, ಬಸ್ ಕಂಪನಿಯ ಮೇಲಿದ್ದ ಸರಕಾರಿ ಸಂಸ್ಥೆಯೊಡನೆ ಮಾತುಕತೆಗೆ ದಾರಿ ಮಾಡಿದರು. ಆಗಸ್ಟ್ 28ರಂದು ಕಂಪನಿ ಮಣಿಯಿತು. ಸೆಪ್ಟೆಂಬರಿನಲ್ಲಿ ಬ್ರಿಸ್ಟಲ್ ಬಸ್ಸಿನಲ್ಲಿ ಟಿಕೆಟ್ ಕೊಡಲು ನಿಂತ ಮೊದಲ ಬಿಳಿಯೇತರ ನಿರ್ವಾಹಕ ರಘಬೀರ್ ಸಿಂಗ್ ಎಂಬ ಸಿಖ್ಖರು. ರಾಯಭಾರಿಯಾದವರು ಆತಿಥೇಯ ದೇಶದ ಒಳವಿಷಯದಲ್ಲಿ ಹೀಗೆ ಬಾಯಿ ಹಾಕಬಾರದಿತ್ತು ಎಂಬ ಅಸಮಾಧಾನ ಟ್ರಿನಿಡಾಡ್ ಸರಕಾರಕ್ಕೇ ಆಯಿತು. 1964ರ ಆರಂಭದಲ್ಲಿ ಅವರು ಹುದ್ದೆ ಬಿಟ್ಟರು, ಲಂಡನ್ನಿನಲ್ಲೇ ಉಳಿದು ವಕೀಲಿಕೆಗೆ ಮರಳಿದರು.

ಬ್ರಿಟನ್ನಿನ ಸಂಸತ್ತು ಜನಾಂಗ ತಾರತಮ್ಯದ ವಿರುದ್ಧ ಮೊದಲ ಕಾಯಿದೆ ಮಾಡಿದ್ದು 1965ರಲ್ಲಿ. ಹೋಟೆಲು, ಉಪಾಹಾರ ಗೃಹ, ರಂಗಮಂದಿರ, ಸಾರ್ವಜನಿಕ ಸಾರಿಗೆಯಂಥ ಕಡೆಗಳಲ್ಲಿ ಬಣ್ಣ, ಜನಾಂಗ ಅಥವಾ ಮೂಲದ ಕಾರಣಕ್ಕೆ ಯಾರನ್ನೂ ತಡೆಯುವಂತಿಲ್ಲ ಎಂದಿತು ಆ ಕಾಯಿದೆ. ಅಂಗಡಿ, ಸಾರ್ವಜನಿಕ ಉಪಾಹಾರ ಗೃಹ, ಹೋಟೆಲುಗಳ ಪ್ರವೇಶಕ್ಕೆ ಜಾತಿ, ಧರ್ಮ, ಜನಾಂಗಗಳ ಅಡ್ಡಿ ಇರಕೂಡದು ಎಂದು ನಮ್ಮ ಸಂವಿಧಾನದ 15ನೇ ವಿಧಿ 1950ರಲ್ಲೇ ಹೇಳಿತ್ತು. ನಮಗೆ ಕಾನೂನು ಕಲಿಸಿದ ದೇಶ ಈ ಒಂದು ಸಂಗತಿಯಲ್ಲಿ ನಮಗಿಂತ ಹದಿನೈದು ವರ್ಷ ಹಿಂದಿತ್ತು. 1965ರ ಕಾಯಿದೆಗೆ ಬಲವೂ ಕಡಿಮೆ. ಉದ್ಯೋಗ ಮತ್ತು ಬಾಡಿಗೆ ಮನೆ ಅದರ ವ್ಯಾಪ್ತಿಗೆ ಬರಲಿಲ್ಲ. ನೊಂದವನು ನೇರವಾಗಿ ದಾವೆ ಹೂಡುವಂತಿರಲಿಲ್ಲ. ದೂರನ್ನು ರೇಸ್ ರಿಲೇಷನ್ಸ್ ಬೋರ್ಡ್ ಎಂಬ ಮಂಡಳಿಯ ಸಮಿತಿಗಳಿಗೆ ಕೊಡಬೇಕು, ಅವು ಎರಡೂ ಕಡೆಯವರನ್ನು ಕೂರಿಸಿ ರಾಜಿ ಮಾಡಿಸಬೇಕು, ಅದು ವಿಫಲವಾದರೆ ಮಾತ್ರ ಅಟಾರ್ನಿ ಜನರಲ್ ನ್ಯಾಯಾಲಯಕ್ಕೆ ಹೋಗಬಹುದು. 1966ರಲ್ಲಿ ರಚನೆಯಾದ ಆ ಮಂಡಳಿಯಲ್ಲಿದ್ದವರು ಮೂವರು: ಅಧ್ಯಕ್ಷ ಮಾರ್ಕ್ ಬಾನಮ್ ಕಾರ್ಟರ್, ಬರ್ನಾರ್ಡ್ ಲ್ಯಾಂಗ್ಟನ್ ಮತ್ತು ಲೀರಿ ಕಾನ್‌ಸ್ಟಂಟೈನ್. ಕಾಯಿದೆಯ ಬಲವಿಲ್ಲದೆ ಲಿವರ್‌ಪೂಲಿನಲ್ಲಿ ಬಾಗಿಲು ಬಾಗಿಲಿಗೆ ಅಲೆದು ಒಪ್ಪಿಸುತ್ತಿದ್ದವರ ಕೈಗೆ ಕಾಯಿದೆಯೊಂದು ಬಂದದ್ದು ಹೀಗೆ. ಉದ್ಯೋಗ ಮತ್ತು ವಸತಿ ಕಾನೂನಿನ ವ್ಯಾಪ್ತಿಗೆ ಸೇರಲು 1968ರ ಹೊಸ ಕಾಯಿದೆಯವರೆಗೆ ಕಾಯಬೇಕಾಯಿತು.

1969ರಲ್ಲಿ ಅವರು ಬ್ರಿಟನ್ನಿನ ಮೇಲ್ಮನೆಗೆ ಆಜೀವ ಸದಸ್ಯರಾಗಿ ನೇಮಕಗೊಂಡರು. ಆ ಸದನದಲ್ಲಿ ಕುಳಿತ ಮೊದಲ ಕಪ್ಪು ಸದಸ್ಯ ಅವರೇ. ಪದವಿಯ ಜೊತೆ ಊರಿನ ಹೆಸರು ಸೇರಿಸಿಕೊಳ್ಳುವುದು ಅಲ್ಲಿನ ಪದ್ಧತಿ. ಅವರು ಎರಡು ಊರುಗಳನ್ನು ಸೇರಿಸಿಕೊಂಡರು: ತಂದೆ ಕೋಕೋ ತೋಟದ ಮೇಸ್ತ್ರಿಯಾಗಿದ್ದ ಸೀಮೆಯ ಮರವಾಲ್ ಮತ್ತು ಲ್ಯಾಂಕಶೈರಿನ ನೆಲ್ಸನ್. 1971ರ ಜುಲೈ 1ರಂದು ಲಂಡನ್ನಿನಲ್ಲಿ ಹೃದಯಾಘಾತದಿಂದ ತೀರಿಕೊಂಡಾಗ ಅವರಿಗೆ 69 ವರ್ಷ. ದೇಹವನ್ನು ಟ್ರಿನಿಡಾಡಿಗೆ ತಂದು ಸರಕಾರಿ ಗೌರವದೊಂದಿಗೆ ಅರೂಕಾದಲ್ಲಿ ಮಣ್ಣು ಮಾಡಲಾಯಿತು. ಮೊದಲ ಹಂಗಾಮಿಗೇ ನೆಲ್ಸನ್ ಬಿಟ್ಟುಹೋಗದಂತೆ ಅವರನ್ನು ತಡೆದಿದ್ದ ನಾರ್ಮಾ ಎರಡು ತಿಂಗಳ ನಂತರ ಹೋದರು.